ಕಾರ್ಟೂನ್ ಹಾಡಿಗೂ ಒಂದು ಹೆಸರಿರಲಿ

ಗ್ರೇಟರ್ ನೋಯ್ಡಾದ ಬಹುಮಹಡಿ ಕಟ್ಟಡಗಳಲ್ಲಿ ಬೆಳೆಯುವ ಎಷ್ಟೋ ಮಕ್ಕಳು, ಮನೆಮಾತು ಕನ್ನಡವಿರಲಿ, ಬಂಗಾಳಿಯಿರಲಿ, ಟಿವಿಯ ಕಾರ್ಟೂನ್ ಹಾಡನ್ನು ಶಾಲೆಯ ಪ್ರಾರ್ಥನೆಗಿಂತ ಮೊದಲೇ ಬಾಯಿಪಾಠ ಮಾಡಿರುತ್ತವೆ. ಆ ಹಾಡು ಕಲಿಸಿದ ದನಿ ಯಾರದೆಂದು ಕೇಳಿದರೆ ಮನೆಯ ಹಿರಿಯರಿಗೂ ಗೊತ್ತಿರುವುದಿಲ್ಲ. ಈ ಮರೆವು ಸಣ್ಣದಲ್ಲ. ಶ್ರುತಿಪೆಟ್ಟಿಗೆಯ ಎದುರು ಕೂರುವ ಮೊದಲೇ ಮಗುವಿಗೆ ಶ್ರುತಿ, ಲಯ, ಉಚ್ಚಾರಗಳ ರುಚಿ ಹತ್ತಿಸುವುದು ಈ ಹಾಡುಗಳೇ. ಹಾಗಾಗಿ ಕಾರ್ಟೂನಿಗೆ ಹಾಡುವುದು ಸಂಗೀತದ ಕಿರುಕೆಲಸವಲ್ಲ. ಅದಕ್ಕೆ ನುರಿತ ಕೊರಳು ಬೇಕು. ಹಾಡಿದವರ ಹೆಸರು ತೆರೆಯ ಮೇಲೆ ಕಾಣಬೇಕು.

ಇದಕ್ಕೆ ನಮ್ಮಲ್ಲೇ ಒಳ್ಳೆಯ ಸಾಕ್ಷಿಯಿದೆ. 1974ರಲ್ಲಿ ಫಿಲ್ಮ್ಸ್ ಡಿವಿಷನ್ ಹೊರತಂದ ‘ಏಕ್ ಅನೇಕ್ ಔರ್ ಏಕ್ತಾ’ ವಿಜಯಾ ಮುಳೆಯವರ ಪುಟ್ಟ ಅನಿಮೇಷನ್ ಚಿತ್ರ. ಬಲೆಗೆ ಬಿದ್ದ ಹಕ್ಕಿಗಳು ಒಟ್ಟಾಗಿ ಬಲೆಯನ್ನೇ ಎತ್ತಿಕೊಂಡು ಹಾರುವ ಹಳೆಯ ಕಥೆ ಅದರ ತಿರುಳು. ದೂರದರ್ಶನ ಅದನ್ನು ದೇಶದ ಮನೆಮನೆಗೆ ತಲುಪಿಸಿತು. ಹಾಡು ಬರೆದವರು ದೆಹಲಿಯ ಗಾಂಧರ್ವ ಮಹಾವಿದ್ಯಾಲಯವನ್ನು 1939ರಲ್ಲಿ ಕಟ್ಟಿದ ವಿನಯಚಂದ್ರ ಮೌದ್ಗಲ್ಯ. ರಾಗ ಹಾಕಿದವರು ವಸಂತ ದೇಸಾಯಿ. ಹಾಡಿದ ಪುಟ್ಟ ಹುಡುಗಿ ಸಾಧನಾ ಸರಗಮ್. ಮುಂದೆ ಅವರೇ ಹಲವು ಭಾಷೆಗಳ ಹಿನ್ನೆಲೆ ಗಾಯಕಿಯಾದರು, ಕನ್ನಡಕ್ಕೂ ಹಾಡಿದರು, ತಮಿಳಿನ ‘ಅಳಗಿ’ ಚಿತ್ರದ ಹಾಡಿಗೆ ರಾಷ್ಟ್ರಪ್ರಶಸ್ತಿ ಪಡೆದರು. ಶಾಸ್ತ್ರೀಯ ಸಂಗೀತದ ವಿದ್ವಾಂಸರೂ ಹೆಸರಾಂತ ಸಂಗೀತ ನಿರ್ದೇಶಕರೂ ಮಕ್ಕಳ ಕೆಲಸವೆಂದು ಕೈ ಬಿಗಿ ಮಾಡಲಿಲ್ಲ. ಹಾಡು ಇಂದಿಗೂ ಬಾಳುತ್ತಿರುವುದು ಅದರಿಂದಲೇ.

ಅಮೆರಿಕದ ‘ಸ್ಕೂಲ್‌ಹೌಸ್ ರಾಕ್’ ಕಾರ್ಟೂನ್ ಸರಣಿ ಹೇಳುವುದೂ ಇದನ್ನೇ. ಮಗನಿಗೆ ಮಗ್ಗಿ ನೆನಪಿನಲ್ಲಿ ನಿಲ್ಲದೆ ರಾಕ್ ಹಾಡಿನ ಸಾಲುಗಳು ನಿಲ್ಲುವುದನ್ನು ಕಂಡ ಜಾಹೀರಾತು ಕಂಪನಿಯ ಮುಖ್ಯಸ್ಥ ಡೇವಿಡ್ ಮೆಕಾಲ್ ಅವರಿಗೆ ಹೊಳೆದ ಈ ಯೋಜನೆ 1973ರಲ್ಲಿ ಎಬಿಸಿ ವಾಹಿನಿಯಲ್ಲಿ ಆರಂಭವಾಯಿತು. ಆರು, ಒಂಬತ್ತರ ಮಗ್ಗಿಗಳನ್ನು ಹಾಡಿದ್ದು ಜಾಝ್ ಡ್ರಮ್ಮರ್ ಗ್ರೇಡಿ ಟೇಟ್. ಭಾವೋದ್ಗಾರದ ಪದಗಳ ವ್ಯಾಕರಣವನ್ನೂ ಮಹಿಳೆಯರ ಮತದಾನ ಹಕ್ಕಿನ ಇತಿಹಾಸವನ್ನೂ ಸೋಲ್ ಸಂಗೀತದ ಬಿಸುಪಿನಲ್ಲಿ ಹಾಡಿದವರು ಎಸ್ರಾ ಮೊಹಾಕ್. ಸ್ವಂತ ಆಲ್ಬಂ ತಂದಿದ್ದ, ಮುಂದೆ ಸಿಂಡಿ ಲಾಪರ್‌ಗೆ ಹಾಡು ಬರೆದುಕೊಟ್ಟ ಕಲಾವಿದೆ ಅವರು. ಮೂರು ನಿಮಿಷದ ಕಾರ್ಟೂನಿಗೂ ಅವರು ದೊಡ್ಡವರಿಗೆ ಹಾಡುವ ಅದೇ ತುಂಬುಕೊರಳನ್ನೇ ಕೊಟ್ಟರು.

ಇಷ್ಟು ಸರಳ ಹಾಡಿಗೆ ಅಷ್ಟೊಂದು ಸಾಧನೆ ಏಕೆ ಎಂದು ಕೇಳಬಹುದು. ಸರಳ ಹಾಡಿನಲ್ಲಿ ಅಪಸ್ವರಕ್ಕೆ ಮರೆಯೇ ಇಲ್ಲ. ಮಗು ಕೇಳಿದ್ದನ್ನು ಕೇಳಿದ ಹಾಗೇ ಹಿಡಿಯುತ್ತದೆ, ತಪ್ಪನ್ನೂ ಕೂಡ. ಮಕ್ಕಳಿಗೆ ಗಾಯಕರ ಹೆಸರು ಕಟ್ಟಿಕೊಂಡು ಏನಾಗಬೇಕು ಎಂಬುದು ಇನ್ನೊಂದು ಮಾತು. 1993ರಲ್ಲಿ ದೂರದರ್ಶನದ ಹಿಂದಿ ‘ಜಂಗಲ್ ಬುಕ್’ ಕಾರ್ಟೂನಿಗೆ ಗುಲ್ಜಾರ್ ಹಾಡು ಬರೆದು ವಿಶಾಲ್ ಭಾರದ್ವಾಜ್ ರಾಗ ಹಾಕಿದ್ದು ಹಲವರಿಗೆ ಗೊತ್ತು, ಹಾಡಿದ ಅಮೋಲ್ ಸಹದೇವ್ ಅವರನ್ನು ನೆನೆಯುವವರು ವಿರಳ. ಮಗುವಿಗೆ ಹೆಸರು ಬೇಡದಿರಬಹುದು, ಕಲಾವಿದರಿಗೆ ಬೇಕು. ಮುಂದಿನ ಅವಕಾಶ ಹುಡುಕಿ ಬರುವುದು ಹೆಸರಿನಿಂದಲೇ. ಇದು ಬರೀ ಸೌಜನ್ಯದ ಮಾತೂ ಅಲ್ಲ. ಕೃತಿಸ್ವಾಮ್ಯ ಕಾಯ್ದೆಗೆ 2012ರ ತಿದ್ದುಪಡಿಯಲ್ಲಿ ಸೇರಿದ 38ಬಿ ಕಲಮು, ತಾನು ಹಾಡಿದ್ದಕ್ಕೆ ತನ್ನ ಹೆಸರು ಕೇಳುವ ಹಕ್ಕನ್ನು ಗಾಯಕರಿಗೆ ಕೊಟ್ಟಿದೆ. ಬಳಕೆಯ ರೀತಿಯಿಂದಾಗಿ ಹೆಸರು ಬಿಡಬೇಕಾದ ಸಂದರ್ಭಕ್ಕೆ ಅಲ್ಲಿ ವಿನಾಯಿತಿ ಇದೆ, ನಿಜ. ಆದರೆ ಪ್ರಾಯೋಜಕರಿಗೆ ಜಾಗವಿರುವ ತೆರೆಯಲ್ಲಿ ಒಂದು ಹೆಸರಿಗೆ ಜಾಗವಿಲ್ಲ ಎಂಬ ನೆಪ ನಿಲ್ಲುವುದಿಲ್ಲ.

ಕನ್ನಡಕ್ಕೆ ಈ ಪ್ರಶ್ನೆ ಇನ್ನೂ ಹತ್ತಿರದ್ದು. 2009ರಲ್ಲಿ ಮಕ್ಕಳ ವಾಹಿನಿ ಚಿಂಟು ಟಿವಿ ಬಂದ ಮೇಲೆ ಕಾರ್ಟೂನುಗಳು ದಿನವಿಡೀ ಕನ್ನಡದಲ್ಲಿ ಮಾತಾಡತೊಡಗಿದವು. ಆದರೆ ಮಾತು ಡಬ್ ಮಾಡಿದಷ್ಟು ಸುಲಭವಲ್ಲ ಹಾಡು. ಹಿಂದಿಯ ಎಷ್ಟೋ ಪದಗಳು ವ್ಯಂಜನದಲ್ಲಿ ನಿಲ್ಲುತ್ತವೆ, ಕನ್ನಡದವು ಬಹುಮಟ್ಟಿಗೆ ಸ್ವರದಲ್ಲಿ ಮುಗಿಯುತ್ತವೆ. ಹಿಂದಿಯಲ್ಲಿ ‘ಜಂಗಲ್’ ಎರಡು ಬಡಿತವಾದರೆ ಕನ್ನಡದ ‘ಜಂಗಲು’ ಮೂರು. ಅದೇ ರಾಗದೊಳಗೆ ಆ ಹೆಚ್ಚಿನ ಅಕ್ಷರವನ್ನು ಉಸಿರುಗಟ್ಟದಂತೆ ಕೂರಿಸಲು ಕವಿಗೂ ಗಾಯಕರಿಗೂ ಭಾಷೆಯ ಒಳಲಯ ತಿಳಿದಿರಬೇಕು. ಗ್ರೇಟರ್ ನೋಯ್ಡಾದಂಥ ದೂರದೂರಿನ ಕನ್ನಡ ಮನೆಯಲ್ಲಿ ಅಪ್ಪ ಅಮ್ಮನ ಮಾತಿನಾಚೆಗೆ ಮಗುವಿನ ಕಿವಿಗೆ ಬೀಳುವ ಕನ್ನಡ ಇಂಥ ಒಂದು ಹಾಡೇ ಆಗಿರಬಹುದು. ವಾಹಿನಿಗಳು ಆ ಹಾಡಿಗೆ ತಕ್ಕ ಗಾಯಕರನ್ನು ಹುಡುಕಲಿ, ತಕ್ಕ ಸಂಭಾವನೆ ಕೊಡಲಿ, ಹೆಸರು ತೋರಿಸಲಿ. ತಂದೆತಾಯಂದಿರು ಆ ಹೆಸರನ್ನು ಮಗುವಿಗೆ ಓದಿ ಹೇಳಲಿ.