ಪದದ ಹಾದಿ ಮತ್ತು ಪದದ ದಾಖಲೆ: ಇಂಗ್ಲಿಷ್ ಶಬ್ದನಿಷ್ಪತ್ತಿಯಲ್ಲಿ ದ್ರಾವಿಡ ಮೂಲದ ಪ್ರಶ್ನೆ

ಭಾಷಾವಿಜ್ಞಾನವನ್ನು ಕುರಿತ ನಮ್ಮ ವಿಚಾರಸಂಕಿರಣಗಳಲ್ಲಿ, ಪುನಶ್ಚೇತನ ಶಿಬಿರಗಳ ಬಿಡುವಿನ ವೇಳೆಯಲ್ಲಿ, ಒಂದು ಬಗೆಯ ಮಾತು ಮತ್ತೆ ಮತ್ತೆ ಕೇಳಿಬರುತ್ತದೆ. ಇಂಗ್ಲಿಷಿನ ‘ಕ್ಯಾಶ್’ ನಮ್ಮ ಕಾಸಿನಿಂದ ಹುಟ್ಟಿತು, ‘ಬ್ಯಾಂಬೂ’ ನಮ್ಮ ಬೊಂಬಿನಿಂದ ಬಂದಿತು, ‘ಧೋಲ್’ ಎಂಬ ಕಾಡುನಾಯಿಯ ಹೆಸರು ನಮ್ಮ ತೋಳದ ರೂಪಾಂತರ ಎಂಬುದು ಆ ಮಾತಿನ ತಿರುಳು. ಪ್ರಸ್ತುತ ಲೇಖಕನೂ ತರಗತಿಯಲ್ಲಿ ಇಂತಹ ಉದಾಹರಣೆಗಳನ್ನು ಉತ್ಸಾಹದಿಂದ ಕೊಟ್ಟವನೇ. ಇವುಗಳಲ್ಲಿ ಕೆಲವು ಅರ್ಧ ಸತ್ಯ, ಕೆಲವು ಸಂದಿಗ್ಧ, ಕೆಲವು ನಾವು ಊಹಿಸಿದ್ದಕ್ಕಿಂತ ಹೆಚ್ಚು ಕುತೂಹಲಕರ. ಒಂದು ಪದದ ಇತಿಹಾಸವನ್ನು ಹೇಳಲು ಯಾವ ಬಗೆಯ ಪ್ರಮಾಣ ಬೇಕಾಗುತ್ತದೆ ಎಂಬುದನ್ನು ಇಂಗ್ಲಿಷ್ ಪದಕೋಶದ ಮೂಲಕವೇ ಪರಿಶೀಲಿಸುವುದು ಈ ಲೇಖನದ ಉದ್ದೇಶ.

ಮೊದಲಿಗೆ ಸಾಮ್ಯದ ವಿಚಾರ. 1786ರಲ್ಲಿ ಕಲ್ಕತ್ತೆಯ ಏಷ್ಯಾಟಿಕ್ ಸೊಸೈಟಿಯಲ್ಲಿ ಮಾಡಿದ ಭಾಷಣದಲ್ಲಿ ಸರ್ ವಿಲಿಯಂ ಜೋನ್ಸ್ ಸಂಸ್ಕೃತ, ಗ್ರೀಕ್, ಲ್ಯಾಟಿನ್‌ಗಳು ಒಂದೇ ಮೂಲದಿಂದ ಕವಲೊಡೆದಿರಬೇಕೆಂದು ಸೂಚಿಸಿದ್ದು ಸುಪರಿಚಿತ ಸಂಗತಿ. ಆದರೆ ಆ ಸೂಚನೆ ಶಾಸ್ತ್ರವಾದದ್ದು ಸ್ವನನಿಯಮಗಳು ದೊರೆತ ಮೇಲೆ. ಡೆನ್ಮಾರ್ಕಿನ ರಾಸ್ಕ್ 1818ರಲ್ಲಿ ಗುರುತಿಸಿದ ವ್ಯತ್ಯಾಸಗಳನ್ನು ಯಾಕೋಬ್ ಗ್ರಿಮ್ 1822ರಲ್ಲಿ ಕ್ರಮಬದ್ಧವಾಗಿ ನಿರೂಪಿಸಿದನು. ಸಂಸ್ಕೃತದ ‘ಪಿತೃ’, ಲ್ಯಾಟಿನ್ನಿನ ‘ಪಾತೆರ್’ ಶಬ್ದಗಳ ಪಕಾರಕ್ಕೆ ಇಂಗ್ಲಿಷಿನಲ್ಲಿ ‘ಫಾದರ್’ ಎಂದು ಫಕಾರ, ‘ಪಾದ’ಕ್ಕೆ ‘ಫುಟ್’. ‘ದಶ’ದ ದಕಾರಕ್ಕೆ ‘ಟೆನ್’ ಎಂದು ಟಕಾರ. ಇಂಗ್ಲಿಷಿನಲ್ಲಿಯೇ ‘ಫುಟ್’ ಜೊತೆಗೆ ‘ಪೆಡಲ್’ ಇರುವುದು, ‘ಟೂತ್’ ಜೊತೆಗೆ ‘ಡೆಂಟಲ್’ ಇರುವುದು ಈ ಕಾರಣದಿಂದ: ಮೊದಲನೆಯವು ಮನೆಯ ಆಸ್ತಿ, ಎರಡನೆಯವು ಲ್ಯಾಟಿನ್ ಮೂಲದ ಎರವಲು.

ಇದರಿಂದ ಹೊರಡುವ ಫಲಿತಾಂಶ ತುಸು ವಿಚಿತ್ರವಾದುದು. ಜ್ಞಾತಿ ಪದಗಳು ಹಲವೊಮ್ಮೆ ಒಂದರಂತೆ ಒಂದು ಕಾಣುವುದಿಲ್ಲ. ಒಂದೇ ಬಗೆಯಾಗಿ ಕಾಣುವವು ಹಲವೊಮ್ಮೆ ಜ್ಞಾತಿಗಳಲ್ಲ. ಲ್ಯಾಟಿನ್ನಿನ ‘ಹಬೇರೆ’ ಮತ್ತು ಇಂಗ್ಲಿಷಿನ ‘ಹ್ಯಾವ್’ ಎರಡಕ್ಕೂ ‘ಹೊಂದಿರು’ ಎಂದೇ ಅರ್ಥ; ಕಣ್ಣಿಗೆ ಅವಳಿಗಳಂತೆ ಕಾಣುತ್ತವೆ. ಆದರೆ ಇಂಗ್ಲಿಷಿನ ಹಕಾರಕ್ಕೆ ಲ್ಯಾಟಿನ್ನಿನಲ್ಲಿ ಕಕಾರ ಇರಬೇಕು. ಆದ್ದರಿಂದ ‘ಹ್ಯಾವ್’ನ ನಿಜವಾದ ಬಂಧು ‘ಹಿಡಿ’ ಎಂಬರ್ಥದ ‘ಕಪೇರೆ’. ಪರ್ಷಿಯನ್ ಭಾಷೆಯ ‘ಬದ್’ ಹಾಗೂ ಇಂಗ್ಲಿಷಿನ ‘ಬ್ಯಾಡ್’ ರೂಪದಲ್ಲಿಯೂ ಅರ್ಥದಲ್ಲಿಯೂ ಒಂದೇ. ಆದರೂ ಅದು ಶುದ್ಧ ಕಾಕತಾಳೀಯ. ಕೇಶಿರಾಜನ ಅಪಭ್ರಂಶ ಪ್ರಕರಣವನ್ನು ಪಾಠ ಹೇಳುವವರಿಗೆ ಈ ಶಿಸ್ತು ಹೊಸದೇನಲ್ಲ. ಯಾವ ಅಕ್ಷರ ಯಾವ ಪರಿಸರದಲ್ಲಿ ಯಾವುದಾಗುತ್ತದೆ ಎಂದು ಹೇಳದೆ ತದ್ಭವವನ್ನು ಸಾಧಿಸಲಾಗದು ಎಂಬುದನ್ನು ನಮ್ಮ ವ್ಯಾಕರಣ ಪರಂಪರೆ ಬಹಳ ಹಿಂದೆಯೇ ಅರಿತಿತ್ತು.

ಸ್ವನನಿಯಮವು ಬಂಧುತ್ವವನ್ನಷ್ಟೇ ಅಲ್ಲ, ಕಾಲವನ್ನೂ ಹೇಳುತ್ತದೆ. ಕನ್ನಡದಲ್ಲಿ ಸುಮಾರು 10ನೆಯ ಶತಮಾನದಿಂದೀಚೆಗೆ ಪದಾದಿ ಪಕಾರ ಹಕಾರವಾಗತೊಡಗಿತು. ‘ಪರ್ವ’ ಎಂಬುದು ‘ಪರ್ಬ’, ‘ಪಬ್ಬ’ಗಳಾಗಿ ‘ಹಬ್ಬ’ವಾಯಿತು, ಅದೇ ಸಂಸ್ಕೃತ ಪದ ಗ್ರಂಥಮುಖದಿಂದ ‘ಪರ್ವ’ವಾಗಿಯೂ ಉಳಿಯಿತು. ‘ಪೊಲೀಸ್’ ಎಂಬುದು ‘ಹೊಲೀಸ್’ ಆಗಲಿಲ್ಲ, ಏಕೆಂದರೆ ಅದು ಬಂದದ್ದು ಆ ಬದಲಾವಣೆ ಮುಗಿದ ಮೇಲೆ. ಇಂಗ್ಲಿಷಿನ ‘ವೈನ್’ ಎಂಬ ಎರಡು ಪದಗಳ ಕಥೆಯೂ ಹೀಗೆಯೇ. ದ್ರಾಕ್ಷಾರಸವನ್ನು ಹೇಳುವ ಪದವನ್ನು ಇಂಗ್ಲಿಷರು ತುಟಿ ದುಂಡಗೆ ಮಾಡಿ ಉಚ್ಚರಿಸುತ್ತಾರೆ. ದ್ರಾಕ್ಷಿಬಳ್ಳಿಯನ್ನು ಹೇಳುವ ಪದವನ್ನು ಹಲ್ಲನ್ನು ತುಟಿಗೆ ತಾಗಿಸಿ ಉಚ್ಚರಿಸುತ್ತಾರೆ. ಕನ್ನಡ ಲಿಪಿಯಲ್ಲಿ ಎರಡೂ ಒಂದೇ ಆಗಿಬಿಡುತ್ತವೆ. ಎರಡರ ಮೂಲವೂ ಲ್ಯಾಟಿನ್ನಿನ ‘ವೀನುಂ’ ಶಬ್ದದ ಕುಟುಂಬ. ಮೊದಲನೆಯದು ಲ್ಯಾಟಿನ್ ವಕಾರ ಇನ್ನೂ ದುಂಡುತುಟಿಯದಾಗಿದ್ದಾಗ, ಆಂಗ್ಲೋ-ಸ್ಯಾಕ್ಸನ್ನರು ಬ್ರಿಟನ್ನಿಗೆ ಬರುವ ಮುನ್ನವೇ ದೊರೆತದ್ದು. ಎರಡನೆಯದು 1066ರ ನಾರ್ಮನ್ ವಿಜಯದ ನಂತರ ಫ್ರೆಂಚಿನಿಂದ ಬಂದದ್ದು. ‘ಹಬ್ಬ’ ಮತ್ತು ‘ಪರ್ವ’ಗಳ ಜೋಡಿಗೆ ಇದಕ್ಕಿಂತ ಹತ್ತಿರದ ಸಾದೃಶ್ಯ ದೊರೆಯುವುದು ಕಷ್ಟ.

ಎರವಲು ಪದ ಮನೆಯ ಪದವನ್ನು ಹೊರದೂಡುವ ಪ್ರಕ್ರಿಯೆಗೆ ವಿಲಿಯಂ ಕ್ಯಾಕ್ಸ್‌ಟನ್ 1490ರಲ್ಲಿ ಮುದ್ರಿಸಿದ ಗ್ರಂಥವೊಂದರ ಮುನ್ನುಡಿಯಲ್ಲಿ ರಸವತ್ತಾದ ಸಾಕ್ಷ್ಯವಿದೆ. ಥೇಮ್ಸ್ ನದಿಯಿಂದ ಹೊರಟ ವರ್ತಕರು ಗಾಳಿಯಿಲ್ಲದೆ ದಡಕ್ಕೆ ಬಂದು ಒಬ್ಬ ಗೃಹಿಣಿಯಲ್ಲಿ ‘ಎಗ್ಸ್’ ಕೇಳುತ್ತಾರೆ. ಆಕೆ ತನಗೆ ಫ್ರೆಂಚ್ ಬಾರದು ಎನ್ನುತ್ತಾಳೆ. ತನಗೂ ಫ್ರೆಂಚ್ ಬಾರದೆಂದು ವರ್ತಕ ಸಿಟ್ಟಾಗುತ್ತಾನೆ. ಕೊನೆಗೆ ಇನ್ನೊಬ್ಬ ‘ಐರೆನ್’ ಎಂದಾಗ ಆಕೆಗೆ ಅರ್ಥವಾಗುತ್ತದೆ. ಆಕೆಯ ‘ಐರೆನ್’ ಹಳೆಯ ಇಂಗ್ಲಿಷಿನದು. ವರ್ತಕನ ‘ಎಗ್’ ವೈಕಿಂಗರ ನಾರ್ಸ್ ಭಾಷೆಯದು. ಇಂದು ಮನೆಯ ಪದ ಸತ್ತು ಎರವಲು ಉಳಿದಿದೆ. ಆದರೆ ಈ ಪದವನ್ನು ಎರವಲೆಂದು ಭಾವಿಸುವ ಇಂಗ್ಲಿಷ್ ಭಾಷಿಕ ಒಬ್ಬನೂ ಇರಲಾರ.

ಇನ್ನು ದ್ರಾವಿಡದ ಕಡೆಗೆ. ಇಂಗ್ಲಿಷಿನಲ್ಲಿ ದ್ರಾವಿಡ ಮೂಲದ ಅತ್ಯಂತ ಪ್ರಾಚೀನವೂ ಸುದೃಢವೂ ಆದ ಉದಾಹರಣೆ ಎಂದರೆ ‘ಜಿಂಜರ್’. ಈಸ್ಟ್ ಇಂಡಿಯಾ ಕಂಪನಿ ಹುಟ್ಟುವುದಕ್ಕೆ ಶತಮಾನಗಳ ಹಿಂದೆ, ಹಳೆಯ ಇಂಗ್ಲಿಷಿನಲ್ಲಿಯೇ ಇದು ‘ಗಿಂಗಿಫೆರ್’ ಎಂಬಂಥ ರೂಪಗಳಲ್ಲಿ ಇತ್ತು. ಅಲ್ಲಿಂದ ಹಿಂದಕ್ಕೆ ಹೋದರೆ ಲ್ಯಾಟಿನ್ನಿನ ‘ಜಿಂಗಿಬೆರಿ’, ಕ್ರಿ.ಶ. 1ನೆಯ ಶತಮಾನದ ವೈದ್ಯ ಡಯಸ್ಕೊರಿಡೀಸನಲ್ಲಿ ದೊರೆಯುವ ಗ್ರೀಕಿನ ‘ಜಿಂಗಿಬೆರಿಸ್’, ಅದರ ಹಿಂದೆ ಪಾಲಿಯ ‘ಸಿಂಗಿವೇರ’. ಸಂಸ್ಕೃತದ ‘ಶೃಂಗವೇರ’ವನ್ನು ಕೊಂಬಿನಂತಹ ಶರೀರವುಳ್ಳದ್ದು ಎಂದು ಬಿಡಿಸುವ ವಾಡಿಕೆಯಿದೆ. ಅರ್ಥ ಸುಂದರವಾಗಿಯೇ ಇದೆ. ಶುಂಠಿಯ ಗೆಡ್ಡೆ ಕೊಂಬಿನಂತೆ ಕವಲೊಡೆದಿರುವುದೂ ನಿಜ. ಆದರೆ ಇದು ಅನ್ಯಭಾಷೆಯ ಪದವನ್ನು ಸಂಸ್ಕೃತಕ್ಕೆ ಹೊಂದಿಸಿಕೊಂಡ ಲೋಕನಿಷ್ಪತ್ತಿ. ಮೂಲದಲ್ಲಿ ಇರುವುದು ದ್ರಾವಿಡದ ಎರಡು ಪದಗಳು: ತಮಿಳು, ಮಲಯಾಳಗಳಲ್ಲಿ ಶುಂಠಿಯನ್ನು ಹೇಳುವ ‘ಇಂಜಿ’ ಮತ್ತು ‘ವೇರ್’. ಈ ‘ವೇರ್’ ನಮ್ಮ ‘ಬೇರು’. ಎ.ಎಸ್.ಸಿ. ರಾಸ್ 1952ರಲ್ಲಿ ಈ ಒಂದೇ ಪದಕ್ಕೆ ಪೂರ್ಣ ಪುಸ್ತಕವನ್ನು ಮೀಸಲಿಟ್ಟು ಅದು ಏಷ್ಯಾ, ಯುರೋಪುಗಳ ಭಾಷೆಗಳಲ್ಲಿ ಸಂಚರಿಸಿದ ಹಾದಿಯನ್ನು ಗುರುತಿಸಿದ್ದಾನೆ.

‘ಇಂಜಿ’ಯಲ್ಲಿ ಇಲ್ಲದ ಸಕಾರ ‘ಸಿಂಗಿವೇರ’ದಲ್ಲಿ ಎಲ್ಲಿಂದ ಬಂದಿತು ಎಂಬ ಆಕ್ಷೇಪ ಸಹಜ. ದಕ್ಷಿಣ ದ್ರಾವಿಡದಲ್ಲಿ ಪದಾದಿ ಚಕಾರ ಅನೇಕ ಪದಗಳಲ್ಲಿ ಸಕಾರದ ಮೂಲಕ ಲೋಪವಾಗಿದೆ ಎಂಬುದನ್ನು ಟಿ. ಬರೋ 1947ರಲ್ಲಿ ವಿವರಿಸಿದನು. ನಮ್ಮ ‘ಆರು’, ‘ಉಪ್ಪು’ ಪದಗಳಿಗೆ ಸಂವಾದಿಯಾದ ಗೊಂಡಿ ಭಾಷೆಯ ರೂಪಗಳು ಇಂದಿಗೂ ಸಕಾರಾದಿಯಾಗಿವೆ. ಎಂದರೆ ತಮಿಳು ಕಳೆದುಕೊಂಡ ಧ್ವನಿಯನ್ನು ಪಾಲಿ ಕಾಪಾಡಿಕೊಂಡಿದೆ. ಅದರ ನೆರಳು ಗ್ರೀಕಿನಲ್ಲಿಯೂ ಉಳಿದಿದೆ.

ಇಲ್ಲಿಯೇ ಕನ್ನಡಿಗನಿಗೆ ಒಂದು ಆಮಿಷವೂ ಕಾದಿದೆ. ಗ್ರೀಕ್ ರೂಪದಲ್ಲಿ ಇರುವುದು ಬಕಾರ. ತಮಿಳಿನ ‘ವೇರ್’ ಕನ್ನಡದಲ್ಲಿ ‘ಬೇರ್’. ಆದ್ದರಿಂದ ಗ್ರೀಕರು ಪದವನ್ನು ಪಡೆದದ್ದು ಕನ್ನಡ ಕರಾವಳಿಯಿಂದ ಎಂದು ವಾದಿಸಬಹುದು. ವಾದ ಆಕರ್ಷಕ, ಆದರೆ ನಿಲ್ಲುವುದಿಲ್ಲ. ಆ ಕಾಲದ ಗ್ರೀಕ್ ವರ್ಣಮಾಲೆಯಲ್ಲಿ ವಕಾರಕ್ಕೆ ಪ್ರತ್ಯೇಕ ಅಕ್ಷರವಿರಲಿಲ್ಲ. ಪರಭಾಷೆಯ ವಕಾರವನ್ನು ಅವರು ಕೆಲವೊಮ್ಮೆ ಸ್ವರಾಕ್ಷರಗಳಿಂದ, ಕೆಲವೊಮ್ಮೆ ಬಕಾರದಿಂದ ಬರೆದರು. ವರ್ಜಿಲ್ ಕವಿಯ ಹೆಸರೇ ಗ್ರೀಕಿನಲ್ಲಿ ಎರಡೂ ಬಗೆಯಾಗಿ ದೊರೆಯುತ್ತದೆ. ಜೊತೆಗೆ ಪಾಲಿಯಲ್ಲಿಯೂ ಸಂಸ್ಕೃತದಲ್ಲಿಯೂ ವಕಾರವೇ ಇದೆ. ಪದದ ಪೂರ್ವಾರ್ಧವೂ ಕನ್ನಡದ ಪರ ಸಾಕ್ಷಿ ನುಡಿಯದು: ನಮ್ಮ ಬಳಕೆಯ ಮಾತುಗಳು ‘ಅಲ್ಲ’ ಮತ್ತು ‘ಶುಂಠಿ’. ಹೀಗಾಗಿ ‘ಜಿಂಜರ್’ ಪದದಲ್ಲಿ ಕನ್ನಡದ ‘ಬೇರಿ’ನ ಸೋದರವಿದೆ ಎನ್ನಬಹುದೇ ಹೊರತು ಕನ್ನಡದ ‘ಬೇರು’ ಇದೆ ಎನ್ನಲಾಗದು. ಈ ವ್ಯತ್ಯಾಸ ಸಣ್ಣದಲ್ಲ.

1498ರಲ್ಲಿ ವಾಸ್ಕೊ ಡ ಗಾಮ ಕಲ್ಲಿಕೋಟೆ ಸೇರಿದ ನಂತರ ಪೋರ್ಚುಗೀಸ್ ಮೂಲಕ ಹೋದ ಪದಗಳ ವಿಷಯದಲ್ಲಿಯೂ ಬಹುಪಾಲು ಸಾಕ್ಷ್ಯ ಮಲಬಾರನ್ನೇ ತೋರಿಸುತ್ತದೆ. ‘ಜ್ಯಾಕ್‌ಫ್ರೂಟ್’ನ ಮೊದಲರ್ಧ ಮಲಯಾಳದ ‘ಚಕ್ಕ’. ಹಲಸಿನ ಸುಳಿವೇ ಅಲ್ಲಿಲ್ಲ. ‘ಮ್ಯಾಂಗೊ’ ಪದದ ಹಿಂದೆ ಇರುವುದು ‘ಮಾಂಗಾಯ್’, ‘ಮಾಙ್ಙ’ ರೂಪಗಳು, ‘ಮಾವು’ ಅಲ್ಲ. ‘ಅರೀಕ’ ಮಾತ್ರ ತುಸು ಯೋಚಿಸುವಂತೆ ಮಾಡುತ್ತದೆ. ಮಲಯಾಳದ ‘ಅಡಕ್ಕ’, ಕನ್ನಡದ ‘ಅಡಕೆ’ ಎರಡೂ ಹತ್ತಿರ. ಪದಾಂತ್ಯದ ಅಕಾರ ಮಲಯಾಳದ ಕಡೆಗೆ ವಾಲುತ್ತದೆ.

‘ಕ್ಯಾಶ್’ ವಿಷಯದಲ್ಲಿ ಗೊಂದಲಕ್ಕೆ ಕಾರಣ ಬೇರೆ. ಇಂಗ್ಲಿಷಿನಲ್ಲಿ ಈ ರೂಪದ ಎರಡು ಪದಗಳಿವೆ. ನಗದು ಎಂಬರ್ಥದ ‘ಕ್ಯಾಶ್’ ಲ್ಯಾಟಿನ್ನಿನ ‘ಕಾಪ್ಸ’ದಿಂದ, ಎಂದರೆ ಪೆಟ್ಟಿಗೆ ಎಂಬರ್ಥದ ಪದದಿಂದ, ಇಟಾಲಿಯನ್ ಮತ್ತು ಫ್ರೆಂಚುಗಳ ಮೂಲಕ ಬಂದಿತು. ಮೊದಲು ಹಣದ ಪೆಟ್ಟಿಗೆ, ಅನಂತರ ಪೆಟ್ಟಿಗೆಯೊಳಗಿನ ಹಣ. ‘ಕ್ಯಾಶಿಯರ್’ ಕೂಡ ಈ ಕುಟುಂಬದವನೇ. ಕಾಸಿಗೂ ಇದಕ್ಕೂ ಸಂಬಂಧವಿಲ್ಲ. ಎರಡನೆಯ ‘ಕ್ಯಾಶ್’ ಏಷ್ಯಾದ ಸಣ್ಣ ನಾಣ್ಯಗಳ ಹೆಸರು. ತಮಿಳಿನ ‘ಕಾಸು’ ಪೋರ್ಚುಗೀಸಿನಲ್ಲಿ ‘ಕಾಯಿಷ’ ಆಗಿ ಇಂಗ್ಲಿಷಿಗೆ ಬಂದಿತು. ತಮಾಷೆಯೆಂದರೆ ಪೋರ್ಚುಗೀಸಿನಲ್ಲಿ ‘ಕಾಯಿಷ’ ಎಂದರೆ ಪೆಟ್ಟಿಗೆಯೂ ಹೌದು, ಅದೂ ‘ಕಾಪ್ಸ’ದ ಸಂತಾನವೇ. ಎರಡು ಹೊಳೆಗಳು ಇಲ್ಲಿ ಒಂದರ ಪಕ್ಕ ಒಂದು ಹರಿದಿವೆ. ಮುಮ್ಮಡಿ ಕೃಷ್ಣರಾಜ ಒಡೆಯರ ಕಾಲದ ಮೈಸೂರಿನ ತಾಮ್ರದ ನಾಣ್ಯಗಳಲ್ಲಿ ಕನ್ನಡದಲ್ಲಿ ‘ಮಯಿಲಿ ಕಾಸು 20’ ಎಂದೂ ಇಂಗ್ಲಿಷಿನಲ್ಲಿ ರೋಮನ್ ಅಂಕಿಯೊಡನೆ ‘ಕ್ಯಾಶ್’ ಎಂದೂ ಅಚ್ಚಾಗಿರುವುದನ್ನು ನೋಡಬಹುದು. ಆ ನಾಣ್ಯದ ಮೇಲಿನ ‘ಕ್ಯಾಶ್’ ಖಂಡಿತವಾಗಿ ಕಾಸು. ಬ್ಯಾಂಕಿನ ಕಿಟಕಿಯ ಮೇಲಿನ ‘ಕ್ಯಾಶ್’ ಅಲ್ಲ.

‘ಬ್ಯಾಂಬೂ’ ಇನ್ನೂ ತೀರ್ಮಾನವಾಗದ ವ್ಯಾಜ್ಯ. ಯೂಲ್ ಮತ್ತು ಬರ್ನೆಲ್ ಅವರ ಪ್ರಸಿದ್ಧ ಆಂಗ್ಲೋ-ಇಂಡಿಯನ್ ಕೋಶ ‘ಹಾಬ್ಸನ್-ಜಾಬ್ಸನ್’ (1886) ಇದರ ಮೂಲ ಬಹಳ ಅಸ್ಪಷ್ಟವೆಂದು ಒಪ್ಪಿಕೊಂಡೇ ಮುಂದುವರಿಯುತ್ತದೆ. ಎಚ್.ಎಚ್. ವಿಲ್ಸನ್ 1855ರ ತನ್ನ ಪದಸಂಗ್ರಹದಲ್ಲಿ ಇದನ್ನು ಕನ್ನಡವೆಂದು ಕೊಟ್ಟಿದ್ದನ್ನು ಅದು ಉಲ್ಲೇಖಿಸುತ್ತದೆ. ಮಲಯ ಭಾಷೆಯ ಪರವಾದ ಮತವನ್ನೂ ಹೇಳುತ್ತದೆ. 1563ರಲ್ಲಿ ಗೋವೆಯಲ್ಲಿ ಅಚ್ಚಾದ ಗಾರ್ಸಿಯ ದ ಓರ್ತನ ಗ್ರಂಥದಲ್ಲಿ ದೊರೆಯುವ ರೂಪ ‘ಮಂಬು’. ನಮ್ಮ ಬಹುತೇಕ ಲೇಖನಗಳು ವಿಲ್ಸನ್ನನ ಸಾಲನ್ನು ಮಾತ್ರ ಎತ್ತಿಕೊಂಡು ಉಳಿದದ್ದನ್ನು ಬಿಟ್ಟಿವೆ. ‘ಬೊಂಬು’ ಕಿಟ್ಟೆಲರ ನಿಘಂಟಿನಲ್ಲಿ ಇದೆ ಎಂದರೆ 1894ರ ವೇಳೆಗೆ ಕನ್ನಡದಲ್ಲಿ ಬಳಕೆಯಲ್ಲಿತ್ತು ಎಂದಷ್ಟೇ ಅರ್ಥ. ಅದು ಪೋರ್ಚುಗೀಸರಿಗಿಂತ ಹಿಂದಿನದೆಂದು ಸಾಧಿಸಲು 16ನೆಯ ಶತಮಾನಕ್ಕೆ ಮುಂಚಿನ ಕಾವ್ಯ ಅಥವಾ ಶಾಸನದ ಪ್ರಯೋಗ ಬೇಕು. ‘ಬಿದಿರ್’ ಎಂಬ ಸ್ವಂತ ಪದವಿರುವ ಭಾಷೆಗೆ ‘ಬೊಂಬು’ ಹೊರಗಿನಿಂದ ಬಂದಿರಬಾರದೇಕೆ ಎಂಬ ಪ್ರಶ್ನೆಗೂ ಉತ್ತರ ಕೊಡಬೇಕಾಗುತ್ತದೆ.

ದಿನಾಂಕಿತ ಪ್ರಯೋಗಕ್ಕೆ ಇಷ್ಟು ಬೆಲೆ ಬಂದದ್ದು ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟಿನಿಂದ. 1857ರಲ್ಲಿ ಮೊಳೆತ ಯೋಜನೆ 1884ರಲ್ಲಿ ಮೊದಲ ಸಂಚಿಕೆಯಾಗಿ ಹೊರಬಂದು 1928ರಲ್ಲಿ ಪೂರ್ಣಗೊಂಡಿತು. ಸ್ವಯಂಸೇವಕ ಓದುಗರು ಚೀಟಿಗಳಲ್ಲಿ ಬರೆದು ಕಳುಹಿಸಿದ ಉದ್ಧರಣೆಗಳೇ ಅದರ ಬೆನ್ನೆಲುಬು. ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು ಇದೇ ಐತಿಹಾಸಿಕ ತತ್ತ್ವವನ್ನು ಅನುಸರಿಸಿ ಪ್ರಯೋಗಗಳನ್ನು ಕೊಡುತ್ತದೆ. ನಿಷ್ಪತ್ತಿಯ ಚರ್ಚೆಗಳಲ್ಲಿ ಅದನ್ನು ನಾವು ಅರ್ಥಕ್ಕಾಗಿ ತೆರೆಯುವಷ್ಟು ಕಾಲನಿರ್ಣಯಕ್ಕಾಗಿ ತೆರೆಯುವುದಿಲ್ಲ.

ಕೊನೆಗೆ ‘ಧೋಲ್’. ಕಿಪ್ಲಿಂಗನ ಕಾಡಿನ ಕಥೆಗಳಿಂದ ಜನಪ್ರಿಯವಾದ ಈ ಪದಕ್ಕೆ ಕನ್ನಡದ ‘ತೋಳ’ ಮೂಲವಿರಬಹುದೆಂದು ಅಮೆರಿಕದ ಮೆರಿಯಂ-ವೆಬ್‌ಸ್ಟರ್ ನಿಘಂಟು ಊಹಿಸಿದೆ. ‘ಇರಬಹುದು’ ಎಂಬ ಮಾತು ನಮ್ಮಲ್ಲಿಗೆ ಬರುವಷ್ಟರಲ್ಲಿ ‘ಇದೆ’ ಎಂದಾಗಿದೆ. ತೊಡಕುಗಳು ಮೂರು. ಅಲ್ಪಪ್ರಾಣ ತಕಾರ ಇಂಗ್ಲಿಷಿನಲ್ಲಿ ದಕಾರ ಅಥವಾ ಧಕಾರ ಏಕಾಯಿತು? ಕನ್ನಡದಲ್ಲಿ ತೋಳ ಬೇರೆ, ಸೀಳುನಾಯಿ ಬೇರೆ. ಅರ್ಥ ಹೇಗೆ ಜಾರಿತು? ಮೂರನೆಯದು ಎಲ್ಲಕ್ಕಿಂತ ಭಾರವಾದದ್ದು. ಇಂಗ್ಲಿಷಿನಲ್ಲಿ ಈ ಪದದ ಅತಿ ಹಳೆಯದೆನ್ನಬಹುದಾದ ಪ್ರಯೋಗ 1808ರದು. ಅದನ್ನು ಬರೆದ ಥಾಮಸ್ ವಿಲಿಯಮ್‌ಸನ್ ಪ್ರಾಣಿಯನ್ನು ಕಂಡದ್ದು ಇಂದಿನ ಜಾರ್ಖಂಡದ ರಾಮಗಢದ ಕಡೆ, ಮತ್ತು ಇದು ಅಲ್ಲಿನ ಜನಬಳಕೆಯ ಹೆಸರೆಂದೇ ಅವನು ಹೇಳುತ್ತಾನೆ. ಮುಂದೆ ಚಾರ್ಲ್ಸ್ ಹ್ಯಾಮಿಲ್ಟನ್ ಸ್ಮಿತ್ ಇದನ್ನು ‘ಹುಚ್ಚು’ ಎಂಬರ್ಥದ ತುರ್ಕಿ ಪದಕ್ಕೆ ಜೋಡಿಸಿದನು. ಪ್ರಾಣಿಶಾಸ್ತ್ರಜ್ಞ ಲಿಡೆಕ್ಕರ್ ಈ ಪ್ರಾಣಿಯಿರುವ ಪ್ರದೇಶಗಳ ಜನರು ಈ ಪದವನ್ನೇ ಬಳಸುವುದಿಲ್ಲ ಎಂದನು. ತುಂಗಭದ್ರೆಯ ತೋಳ ರಾಮಗಢದ ಕಾಡಿಗೆ ಹೋದ ದಾರಿಯನ್ನು ತೋರಿಸಬೇಕಾದರೆ 1808ಕ್ಕಿಂತ ಹಿಂದಿನ ದಾಖಲೆ ದಕ್ಷಿಣದಲ್ಲಿ ದೊರೆಯಬೇಕು. 1799ರ ನಂತರ ಮೈಸೂರು ಸೀಮೆಯಲ್ಲಿ ಸಂಚರಿಸಿದ ಕಂಪನಿಯ ಅಧಿಕಾರಿಗಳ ಮೋಜಣಿ ವರದಿಗಳು, ಬೇಟೆಯ ದಿನಚರಿಗಳು ಇದಕ್ಕೆ ಆಕರಗಳಾಗಬಲ್ಲವು. ಸಂಶೋಧನ ವಿದ್ಯಾರ್ಥಿಯೊಬ್ಬರು ಈ ಕೆಲಸ ಹಿಡಿಯುವುದಾದರೆ, 1800–01ರಲ್ಲಿ ಮೈಸೂರು, ಕನ್ನಡ ಜಿಲ್ಲೆ, ಮಲಬಾರುಗಳಲ್ಲಿ ಪ್ರವಾಸ ಮಾಡಿದ ಫ್ರಾನ್ಸಿಸ್ ಬುಕಾನನ್ 1807ರಲ್ಲಿ ಪ್ರಕಟಿಸಿದ ಮೂರು ಸಂಪುಟಗಳಿಂದ ಆರಂಭಿಸಬಹುದು.