ಲೂವಿಯೆಯ ಮೇಯರ್

ಗೋವಾ ಬಿಟ್ಟುಕೊಡಲು ಪೋರ್ಚುಗಲ್ 1961ರವರೆಗೂ ಒಪ್ಪಲಿಲ್ಲ, ಕೊನೆಗೆ ಸೈನ್ಯವೇ ಹೋಗಬೇಕಾಯಿತು. ಪುದುಚೇರಿಯ ಕತೆ ಬೇರೆ. 1954ರ ಜುಲೈಯಲ್ಲಿ ಅದರ ಭಾಗವಾದ ಮಾಹೆ ಫ್ರೆಂಚರ ಕೈತಪ್ಪಿತು. ಅಕ್ಟೋಬರ್ 21ರಂದು ದೆಹಲಿಯಲ್ಲಿ ಹಸ್ತಾಂತರದ ಒಪ್ಪಂದಕ್ಕೆ ಸಹಿ ಬಿತ್ತು. ನವೆಂಬರ್ 1ಕ್ಕೆ ಆಡಳಿತ ಭಾರತದ ಕೈಗೆ ಬಂತು. ವರ್ಷಗಟ್ಟಲೆ ಎಳೆದಾಡಿದ್ದ ಮಾತುಕತೆಯನ್ನು ಮುಗಿಸುವ ಧೈರ್ಯ ತೋರಿದ ಫ್ರೆಂಚ್ ಪ್ರಧಾನಿ ಪಿಯೆರ್ ಮೆಂಡೆಸ್ ಫ್ರಾನ್ಸ್. ಆ ಹೊತ್ತಿನಲ್ಲಿ ಅವರು ನಾರ್ಮಂಡಿಯ ಲೂವಿಯೆ ಎಂಬ ಸಣ್ಣ ಪಟ್ಟಣದ ಮೇಯರ್ ಕೂಡ ಆಗಿದ್ದರು.

ನಮಗೆ ಇದು ವಿಚಿತ್ರವೆನಿಸಬಹುದು. ಕರ್ನಾಟಕದಲ್ಲಿ ಸಂಸದರು, ಶಾಸಕರು ನಗರಸಭೆಯ ಅಧ್ಯಕ್ಷರ ಆಯ್ಕೆಯ ದಿನ ಬಂದು ಮತ ಹಾಕುತ್ತಾರೆ, ಆದರೆ ಆ ಕುರ್ಚಿಯಲ್ಲಿ ತಾವೇ ಕೂರುವುದಿಲ್ಲ. ಫ್ರಾನ್ಸಿನಲ್ಲಿ ತಲೆಮಾರುಗಳ ಕಾಲ ಎರಡೂ ಕುರ್ಚಿ ಒಬ್ಬರದೇ ಆಗಿರುವುದು ಮಾಮೂಲಿಯಾಗಿತ್ತು. ವಾರದ ನಡುವೆ ಪ್ಯಾರಿಸ್ಸಿನ ಸಂಸತ್ತು, ವಾರದ ಕೊನೆಗೆ ಊರಿನ ಪುರಭವನ. ಚರಂಡಿ, ಶಾಲೆ, ಮನೆ ಹಂಚಿಕೆಯ ಅಹವಾಲು ಕೇಳಿದ ಕಿವಿಯೇ ಬಜೆಟ್ ಚರ್ಚೆಯನ್ನೂ ಕೇಳುತ್ತಿತ್ತು. ಒಬ್ಬರಲ್ಲೇ ಅಧಿಕಾರ ಗುಡ್ಡೆ ಬೀಳುತ್ತದೆ, ಸಂಸತ್ತಿನ ಹಾಜರಿ ಸೊರಗುತ್ತದೆ ಎಂಬ ದೂರಿನ ಮೇಲೆ 2014ರ ಕಾನೂನು ಇದನ್ನು ತಡೆಯಿತು. 2017ರಿಂದ ಅದು ಜಾರಿಯಲ್ಲಿದೆ. ದೂರಿನಲ್ಲಿ ಹುರುಳಿತ್ತು. ಆದರೂ ಮೆಂಡೆಸ್ ಫ್ರಾನ್ಸ್ ಅವರ ಬದುಕನ್ನು ನೋಡಿದರೆ, ಊರಿನ ಹೊಣೆ ಒಬ್ಬ ರಾಷ್ಟ್ರನಾಯಕನನ್ನು ಎಷ್ಟು ಗಟ್ಟಿ ಮಾಡಬಲ್ಲದು, ಎಷ್ಟು ಕಠಿಣವಾಗಿ ಪರೀಕ್ಷಿಸಬಲ್ಲದು ಎಂಬುದು ತಿಳಿಯುತ್ತದೆ.

ಅವರು ಲೂವಿಯೆಯವರಲ್ಲ. 1907ರಲ್ಲಿ ಪ್ಯಾರಿಸ್ಸಿನ ಯಹೂದಿ ಕುಟುಂಬವೊಂದರಲ್ಲಿ ಹುಟ್ಟಿ, ವಕೀಲರಾಗಿ ಈ ಊರಿಗೆ ಬಂದವರು. ಯೂರ್ ನದಿ ಹಲವು ಕವಲಾಗಿ ಹರಿಯುವ ಲೂವಿಯೆ ಉಣ್ಣೆ ಬಟ್ಟೆಗೆ ಹೆಸರಾದ ಹಳೆಯ ಊರು. 1932ರಲ್ಲಿ ಇಲ್ಲಿನ ಜನ ಈ 25ರ ತರುಣನನ್ನು ಸಂಸತ್ತಿಗೆ ಕಳಿಸಿದರು. ಸದನದಲ್ಲಿ ಅವರಿಗಿಂತ ಚಿಕ್ಕವರಿರಲಿಲ್ಲ. 1935ರಲ್ಲಿ ಮೇಯರ್ ಪಟ್ಟವನ್ನೂ ಅವರಿಗೇ ಒಪ್ಪಿಸಿದರು.

ಆಮೇಲೆ ಯುದ್ಧ. 1940ರ ಜೂನಿನಲ್ಲಿ ಬಾಂಬು ಬಿದ್ದು ಲೂವಿಯೆಯ ನಡುಭಾಗ ಸುಟ್ಟುಹೋಯಿತು. ವಾಯುಪಡೆಯಲ್ಲಿದ್ದ ಮೆಂಡೆಸ್ ಫ್ರಾನ್ಸ್, ಉತ್ತರ ಆಫ್ರಿಕದಿಂದ ಹೋರಾಟ ಮುಂದುವರಿಸಬೇಕೆಂದು ‘ಮಸಿಲಿಯಾ’ ಹಡಗು ಹತ್ತಿದ ಸಂಸದರಲ್ಲಿ ಒಬ್ಬರು. ಶರಣಾಗತಿಯನ್ನು ಒಪ್ಪಿದ್ದ ವಿಶಿ ಸರ್ಕಾರ ಅವರನ್ನು ಮೊರಾಕ್ಕೊದಲ್ಲಿ ಬಂಧಿಸಿ, ಸೈನ್ಯ ಬಿಟ್ಟು ಓಡಿದರೆಂಬ ಆರೋಪ ಹೊರಿಸಿ, ಆರು ವರ್ಷ ಜೈಲು ವಿಧಿಸಿತು. 1941ರ ಜೂನಿನ ಒಂದು ರಾತ್ರಿ ಅವರು ತಪ್ಪಿಸಿಕೊಂಡರು. ಗೋಡೆಯ ಮೇಲೇರಿದರೆ ಕೆಳಗೆ ಮರದಡಿ ಒಂದು ಪ್ರೇಮಿಗಳ ಜೋಡಿ. ಹುಡುಗ ಬೇಡುತ್ತಿದ್ದಾನೆ, ಹುಡುಗಿ ಒಪ್ಪುತ್ತಿಲ್ಲ. ಅವರು ಹೋಗುವವರೆಗೂ ಗೋಡೆಯ ಮೇಲೆಯೇ ಉಸಿರು ಬಿಗಿಹಿಡಿದು ಕಾದೆ ಎಂದು, 1969ರಲ್ಲಿ ಮಾರ್ಸೆಲ್ ಓಫುಲ್ಸ್ ಮಾಡಿದ ಸಾಕ್ಷ್ಯಚಿತ್ರದಲ್ಲಿ ಅವರೇ ಹೇಳಿಕೊಂಡಿದ್ದಾರೆ. ಇಂಗ್ಲೆಂಡಿನಲ್ಲಿ ಜನರಲ್ ದ ಗಾಲ್ ಅವರ ಪಡೆ ಸೇರಿ ಬಾಂಬರ್ ವಿಮಾನಗಳಲ್ಲಿ ಹಾರಿದರು. 1944ರಲ್ಲಿ ಜಾಗತಿಕ ಹಣಕಾಸು ಕುರಿತ ಬ್ರೆಟನ್ ವುಡ್ಸ್ ಸಮ್ಮೇಳನಕ್ಕೆ ಫ್ರಾನ್ಸಿನ ನಿಯೋಗವನ್ನು ಕರೆದೊಯ್ದವರೂ ಅವರೇ. ಯುದ್ಧ ಮುಗಿದ ಮೇಲೆ ಸುಟ್ಟ ಊರನ್ನು ಮತ್ತೆ ಕಟ್ಟುವ ಕೆಲಸ ಕಾದಿತ್ತು. ಅವರು ಮೇಯರ್ ಆಗಿ ಮರಳಿದರು.

ಪ್ರಧಾನಿಯಾಗಿ ಅವರಿಗೆ ಸಿಕ್ಕಿದ್ದು ಏಳೂವರೆ ತಿಂಗಳು ಮಾತ್ರ. ಒಂದು ತಿಂಗಳೊಳಗೆ ಇಂಡೋಚೈನಾ ಯುದ್ಧ ನಿಲ್ಲಿಸುತ್ತೇನೆ, ಆಗದಿದ್ದರೆ ರಾಜೀನಾಮೆ ಎಂದು ಸದನಕ್ಕೆ ಮಾತು ಕೊಟ್ಟರು. ಜಿನೀವಾದ ಶಾಂತಿ ಮಾತುಕತೆಯಲ್ಲಿ ಆ ಮಾತು ಉಳಿಸಿಕೊಂಡರು. ಟುನೀಸಿಯಾಕ್ಕೆ ಸ್ವಯಮಾಡಳಿತದ ಭರವಸೆಯಿತ್ತರು. ಶನಿವಾರಗಳಂದು ರೇಡಿಯೊದಲ್ಲಿ, ಸರ್ಕಾರ ಏನು ಮಾಡುತ್ತಿದೆ, ಯಾಕೆ ಮಾಡುತ್ತಿದೆ ಎಂದು ಜನರಿಗೆ ಸರಳವಾಗಿ ಬಿಡಿಸಿ ಹೇಳುತ್ತಿದ್ದರು.

ನನಗೆ ಇವೆಲ್ಲಕ್ಕಿಂತ ದೊಡ್ಡದಾಗಿ ಕಾಣುವುದು ಹಾಲಿನ ಪ್ರಸಂಗ. ನಾರ್ಮಂಡಿ ಹಸುಗಳ ನಾಡು. ಅಷ್ಟೇ ಸೇಬಿನ ನಾಡು ಕೂಡ. ತೋಟದ ಸೇಬಿನಿಂದ ಮನೆಯಲ್ಲೇ ಮದ್ಯ ಬಟ್ಟಿ ಇಳಿಸುವುದು, ಅದಕ್ಕೆ ತೆರಿಗೆ ವಿನಾಯಿತಿ ಪಡೆಯುವುದು ರೈತರ ಹಳೆಯ ಹಕ್ಕು. ಅದನ್ನು ಮುಟ್ಟಲು ಯಾವ ರಾಜಕಾರಣಿಗೂ ಧೈರ್ಯವಿರಲಿಲ್ಲ. ಶಾಲೆಯ ಊಟದಲ್ಲಿ ಸಣ್ಣ ಮಕ್ಕಳಿಗೂ ವೈನ್ ಸಿಗುತ್ತಿದ್ದ ಕಾಲ. ಹದಿನಾಲ್ಕರೊಳಗಿನವರಿಗೆ ಅದನ್ನು ನಿಲ್ಲಿಸಿದ್ದು 1956ರಲ್ಲಿ. ಕುಡಿತದಿಂದ ಹಾಳಾಗುತ್ತಿದ್ದ ಮನೆಗಳು ಮೇಯರ್‌ಗೆ ಅಂಕಿ ಅಂಶಗಳಾಗಿ ಉಳಿಯುವುದಿಲ್ಲ, ಅವು ಅವರದೇ ಊರಿನ ಬೀದಿಯಲ್ಲಿರುತ್ತವೆ. ಮೆಂಡೆಸ್ ಫ್ರಾನ್ಸ್ ಆ ವಿನಾಯಿತಿಗೆ ಕತ್ತರಿ ಹಾಕಲು ಹೊರಟರು, ಶಾಲಾ ಮಕ್ಕಳಿಗೆ ಹಾಲು ಹಂಚುವ ಕಾರ್ಯಕ್ರಮ ತಂದರು, ಎಲ್ಲರೆದುರು ತಾವೂ ಹಾಲು ಕುಡಿದರು. ವ್ಯಂಗ್ಯಚಿತ್ರಕಾರರು ಗೇಲಿ ಮಾಡಿದರು. ಬಟ್ಟಿ ಇಳಿಸುವವರ ಸಿಟ್ಟು ಅವರ ಸ್ವಂತ ಕ್ಷೇತ್ರದಲ್ಲೇ ಇತ್ತು. ದೂರದ ವಸಾಹತಿನ ಬಗ್ಗೆ ಸತ್ಯ ಹೇಳುವುದಕ್ಕಿಂತ, ನಾಳೆ ಎದುರಾಗುವ ಮತದಾರನಿಗೆ ಅವನ ತೋಟದ ಬಗ್ಗೆ ಸತ್ಯ ಹೇಳುವುದು ಕಷ್ಟ. ಅವರು ಎರಡನ್ನೂ ಹೇಳಿದರು.

1955ರ ಫೆಬ್ರವರಿಯಲ್ಲಿ ಸಂಸತ್ತು ಅವರ ಸರ್ಕಾರವನ್ನು ಕೆಡವಿತು. 1958ರಲ್ಲಿ ಅಲ್ಜೀರಿಯಾದಲ್ಲಿದ್ದ ಫ್ರೆಂಚ್ ಸೇನಾಧಿಕಾರಿಗಳ ದಂಗೆಯ ನೆರಳಿನಲ್ಲಿ ದ ಗಾಲ್ ಅಧಿಕಾರಕ್ಕೆ ಮರಳಿದಾಗ, ಬಂದೂಕಿನ ಒತ್ತಡದಲ್ಲಿ ಸರ್ಕಾರ ರಚನೆಯಾಗಬಾರದೆಂದು ಅವರು ವಿರುದ್ಧ ಮತ ಹಾಕಿದರು. ಯುದ್ಧಕಾಲದ ತಮ್ಮದೇ ನಾಯಕನ ವಿರುದ್ಧ ನಿಲ್ಲುವುದು ಅವರಿಗೆ ಸುಲಭವಾಗಿರಲಿಲ್ಲ. ದೇಶ ಮಾತ್ರ ದ ಗಾಲ್ ಕಡೆಗಿತ್ತು. ಆ ನವೆಂಬರಿನ ಚುನಾವಣೆಯಲ್ಲಿ, ಇಪ್ಪತ್ತಾರು ವರ್ಷಗಳ ಹಿಂದೆ ಕೈಹಿಡಿದಿದ್ದ ಜನರೇ ಅವರನ್ನು ಸೋಲಿಸಿದರು. ಮೇಯರ್ ಪದವಿಯಿಂದ ಅವರನ್ನು ಯಾರೂ ಇಳಿಸಿರಲಿಲ್ಲ. ಜನ ವಿಶ್ವಾಸ ಹಿಂತೆಗೆದುಕೊಂಡ ಮೇಲೆ ಅದನ್ನೂ ಉಳಿಸಿಕೊಳ್ಳದೆ ಅವರೇ ಬಿಟ್ಟುಕೊಟ್ಟರು. 1967ರಲ್ಲಿ ಗ್ರೆನೋಬ್ಲ್‌ನಿಂದ ಮತ್ತೆ ಸಂಸತ್ತಿಗೆ ಹೋದರಾದರೂ ಮರುವರ್ಷವೇ ಆ ಸ್ಥಾನವೂ ಹೋಯಿತು. 1982ರಲ್ಲಿ ತೀರಿಕೊಳ್ಳುವವರೆಗೂ ಲೂವಿಯೆಯ ಬಳಿಯ ಮನೆಯನ್ನು ಮಾತ್ರ ಅವರು ಬಿಡಲಿಲ್ಲ.