ನಮ್ಮೂರಿಗೆ ಬಾರದ ವಿಶ್ವಕಪ್

ಫ್ರಾನ್ಸಿನ ದಕ್ಷಿಣ ಕಡಲತೀರದಲ್ಲಿ, ಕಾನ್ ನಗರದ ಪಕ್ಕಕ್ಕೆ, ಮಾಂಡೆಲ್ಯೂ ಎಂಬ ಪುಟ್ಟ ಊರಿದೆ. ಮೊದಲ ಮಹಿಳಾ ಹಾಕಿ ವಿಶ್ವಕಪ್ ನಡೆದದ್ದು ಅಲ್ಲಿ, 1974ರ ಮಾರ್ಚ್‌ನಲ್ಲಿ. ಬಂದಿದ್ದು ಹತ್ತು ತಂಡಗಳು. ಫೈನಲ್‌ನಲ್ಲಿ ಅರ್ಜೆಂಟೀನಾವನ್ನು ಸೋಲಿಸಿ ನೆದರ್ಲೆಂಡ್ಸ್ ಕಪ್ ಎತ್ತಿತು, ಪಶ್ಚಿಮ ಜರ್ಮನಿಗೆ ಮೂರನೇ ಸ್ಥಾನ, ಭಾರತಕ್ಕೆ ನಾಲ್ಕನೆಯದು. ಆಮೇಲೆ 2022ರವರೆಗೆ ಇನ್ನೂ ಹದಿನಾಲ್ಕು ವಿಶ್ವಕಪ್‌ಗಳು ಆಗಿಹೋದವು. ಸೆಮಿಫೈನಲ್‌ನ ಮುಖವನ್ನು ನಾವು ಮತ್ತೆ ಕಂಡಿಲ್ಲ. ಹದಿನೈದರಲ್ಲಿ ಏಳು ಸಲ ನಮ್ಮ ತಂಡ ಅಲ್ಲಿ ಇರಲೇ ಇಲ್ಲ.

ಕ್ರಿಕೆಟ್‌ ವಿಶ್ವಕಪ್ಪಿನ ತಾರೀಕುಗಳನ್ನು ಬಾಯಿಪಾಠ ಹೇಳುವ ನಮ್ಮಲ್ಲಿ ಈ ಟೂರ್ನಿಯ ಕಥೆ ಬಲ್ಲವರು ಕಡಿಮೆ. ಅದು ತಿಳಿಯಬೇಕಾದ ಕಥೆ.

ಪುರುಷರ ಹಾಕಿ ವಿಶ್ವಕಪ್ 1971ರಲ್ಲಿ ಬಾರ್ಸಿಲೋನಾದಲ್ಲಿ ಆರಂಭವಾಯಿತು. ಮೂರೇ ವರ್ಷಕ್ಕೆ ಮಹಿಳೆಯರದ್ದೂ ಬಂತಲ್ಲ, ಹಾಕಿಯಲ್ಲಿ ಭೇದಭಾವ ಅಷ್ಟಾಗಿ ಇರಲಿಲ್ಲವೇನೋ ಅನ್ನಿಸಬಹುದು. ಒಲಿಂಪಿಕ್ಸ್ ಕಡೆ ತಿರುಗಿದರೆ ನಿಜ ತಿಳಿಯುತ್ತದೆ. ಪುರುಷರ ಹಾಕಿ 1908ರಲ್ಲೇ ಒಲಿಂಪಿಕ್ಸ್ ಸೇರಿತ್ತು. ಮಹಿಳೆಯರಿಗೆ ಆ ಬಾಗಿಲು ತೆರೆದದ್ದು 1980ರಲ್ಲಿ, ಮಾಸ್ಕೋದಲ್ಲಿ. ಎಪ್ಪತ್ತೆರಡು ವರ್ಷ ತಡವಾಗಿ. ಮಾಂಡೆಲ್ಯೂ, ಬರ್ಲಿನ್, ಮ್ಯಾಡ್ರಿಡ್‌ಗಳಲ್ಲಿ ಆಡಿದ ಹೆಣ್ಣುಮಕ್ಕಳಿಗೆ ವಿಶ್ವಕಪ್ಪೇ ಒಲಿಂಪಿಕ್ಸ್ ಕೂಡ ಆಗಿತ್ತು.

ಹಾಗೆಂದು ಅಷ್ಟು ವರ್ಷ ಅವರು ಆಡದೆ ಕೂತಿರಲಿಲ್ಲ. ಪುರುಷರ ಹಾಕಿ ಸಂಸ್ಥೆ ತಮ್ಮನ್ನು ಸೇರಿಸಿಕೊಳ್ಳಲು ಒಪ್ಪದಿದ್ದಾಗ ಇಂಗ್ಲೆಂಡಿನ ಮಹಿಳೆಯರು 1895ರಲ್ಲೇ ತಮ್ಮದೊಂದು ಸಂಸ್ಥೆ ಕಟ್ಟಿಕೊಂಡರು. 1927ರಲ್ಲಿ ಎಂಟು ದೇಶಗಳ ಮಹಿಳಾ ಸಂಸ್ಥೆಗಳು ಕೂಡಿ ಅಂತರರಾಷ್ಟ್ರೀಯ ಒಕ್ಕೂಟವೊಂದನ್ನು ಸ್ಥಾಪಿಸಿದವು. ಈ ಹಿರಿಯರಿಗೆ ಕಪ್ಪು, ಲೀಗು, ಅಂಕಪಟ್ಟಿಗಳ ಮೇಲೆ ನಂಬಿಕೆ ಇರಲಿಲ್ಲ. ಬಹುಮಾನದ ಆಸೆ ಆಟವನ್ನು ಕೆಡಿಸುತ್ತದೆ ಎಂಬುದು ಅವರ ನಿಲುವು. ಕೆಲವು ವರ್ಷಗಳಿಗೊಮ್ಮೆ ಒಂದು ದೇಶದಲ್ಲಿ ಸಮ್ಮೇಳನ ಸೇರುತ್ತಿದ್ದರು, ಹಗಲು ಪಂದ್ಯ ಆಡುತ್ತಿದ್ದರು, ನಿಯಮಗಳ ಬಗ್ಗೆ ಚರ್ಚಿಸಿ ಊರಿಗೆ ಮರಳುತ್ತಿದ್ದರು. ಅವರ ಹಾಕಿಗೆ ಜನ ಬರುತ್ತಿರಲಿಲ್ಲ ಎಂದೂ ಅಲ್ಲ. 1951ರಿಂದ ಲಂಡನ್ನಿನ ವೆಂಬ್ಲಿ ಕ್ರೀಡಾಂಗಣದಲ್ಲಿ ಇಂಗ್ಲೆಂಡ್ ಮಹಿಳಾ ತಂಡ ವರ್ಷಕ್ಕೊಂದು ಅಂತರರಾಷ್ಟ್ರೀಯ ಪಂದ್ಯ ಆಡತೊಡಗಿತು. ಅದನ್ನು ನೋಡಲು ಶಾಲಾ ಬಾಲಕಿಯರು ಬಸ್ಸು ಬಸ್ಸುಗಳಲ್ಲಿ ಬಂದು ಇಳಿಯುತ್ತಿದ್ದರು.

1974ರ ವಿಶ್ವಕಪ್ ನಡೆಸಿದ್ದು ಈ ಒಕ್ಕೂಟವಲ್ಲ, ಅಂತರರಾಷ್ಟ್ರೀಯ ಹಾಕಿ ಫೆಡರೇಷನ್. ಒಂದೇ ಆಟಕ್ಕೆ ಎರಡು ಮನೆ. ಹೀಗಾಗಿ ಇಂಗ್ಲೆಂಡ್, ಆಸ್ಟ್ರೇಲಿಯಾ, ನ್ಯೂಜಿಲೆಂಡ್‌ಗಳಂಥ ಬಲಿಷ್ಠ ತಂಡಗಳು ಮೊದಲ ಮೂರು ವಿಶ್ವಕಪ್‌ಗಳಿಗೆ ಬರಲಿಲ್ಲ. ಆಸ್ಟ್ರೇಲಿಯಾ ಬಂದದ್ದು 1981ರಲ್ಲಿ, ಇಂಗ್ಲೆಂಡ್ 1983ರಲ್ಲಿ. 1980ರ ದಶಕದ ಆರಂಭದಲ್ಲಿ ಮಹಿಳೆಯರ ಒಕ್ಕೂಟ ಫೆಡರೇಷನ್ನಿನಲ್ಲಿ ಲೀನವಾಯಿತು. ತಮ್ಮ ಆಟವನ್ನು ತಾವೇ ನಡೆಸಿದ ಆ ಮಹಿಳೆಯರ ಬಗ್ಗೆ ನನಗೆ ಅಪಾರ ಗೌರವವಿದೆ. ಆದರೆ ಕಪ್ ಬೇಡವೆಂದ ಅವರ ಹಟದ ಬೆಲೆಯನ್ನು ತೆತ್ತವರು ಆ ಪೀಳಿಗೆಗಳ ಆಟಗಾರ್ತಿಯರು. ಕಪ್ ಇಲ್ಲದ ಆಟಕ್ಕೆ ದಾಖಲೆಯೂ ಇಲ್ಲ, ನೆನಪೂ ಇಲ್ಲ.

ಈ ಮಾತಿಗೆ ಉದಾಹರಣೆ ಬೆಂಗಳೂರಿನಲ್ಲೇ ಇದೆ. ಕುಕ್ ಟೌನಿನ ಬ್ರಿಟ್ಟೊ ಸಹೋದರಿಯರಾದ ಎಲ್ವೆರಾ, ರೀಟಾ ಮತ್ತು ಮೇ ಮೂವರೂ ಅಂದಿನ ಮೈಸೂರು ರಾಜ್ಯದ ತಂಡದಲ್ಲಿ ಆಡಿದವರು. 1960ರಿಂದ 1967ರ ನಡುವೆ ಆ ತಂಡ ಏಳು ಬಾರಿ ರಾಷ್ಟ್ರೀಯ ಪ್ರಶಸ್ತಿ ಗೆದ್ದಿತು. ಎಲ್ವೆರಾ ಅವರಿಗೆ 1965ರಲ್ಲಿ ಅರ್ಜುನ ಪ್ರಶಸ್ತಿ ಬಂತು. ಮಹಿಳಾ ಹಾಕಿಯಲ್ಲಿ ಆ ಗೌರವ ಪಡೆದ ಎರಡನೆಯವರು ಅವರು. ಆಸ್ಟ್ರೇಲಿಯಾ, ಜಪಾನ್, ಶ್ರೀಲಂಕಾಗಳ ವಿರುದ್ಧ ಭಾರತಕ್ಕಾಗಿ ಆಡಿದರು. ಮುಂದೆ ರಾಜ್ಯ ಮಹಿಳಾ ಹಾಕಿ ಸಂಸ್ಥೆಯ ಅಧ್ಯಕ್ಷೆಯೂ ಆದರು. ಆದರೆ ಅವರ ಉಚ್ಛ್ರಾಯದ ವರ್ಷಗಳಲ್ಲಿ ಒಲಿಂಪಿಕ್ಸೂ ಇರಲಿಲ್ಲ, ವಿಶ್ವಕಪ್ಪೂ ಇರಲಿಲ್ಲ. ಜಗತ್ತಿನ ಮುಂದೆ ತಮ್ಮ ಆಟ ತೋರಿಸುವ ವೇದಿಕೆ ಸಿದ್ಧವಾಗುವ ಹೊತ್ತಿಗೆ ಅವರ ಕಾಲ ಮುಗಿದಿತ್ತು. 2022ರ ಏಪ್ರಿಲ್‌ನಲ್ಲಿ ಎಲ್ವೆರಾ ತೀರಿಕೊಂಡಾಗ ಅವರ ಹೆಸರನ್ನು ಮೊದಲ ಬಾರಿಗೆ ಕೇಳಿದ ಕನ್ನಡಿಗರು ಎಷ್ಟೋ ಮಂದಿ ಇದ್ದಿರಬೇಕು. ಅದು ನೋವಿನ ಸಂಗತಿ.

ಇನ್ನು ಗೆದ್ದವರ ಪಟ್ಟಿ. ಹದಿನೈದು ಕಪ್‌ಗಳನ್ನು ಹಂಚಿಕೊಂಡದ್ದು ನಾಲ್ಕೇ ದೇಶಗಳು: ನೆದರ್ಲೆಂಡ್ಸ್ ಒಂಬತ್ತು, ಜರ್ಮನಿ, ಆಸ್ಟ್ರೇಲಿಯಾ, ಅರ್ಜೆಂಟೀನಾ ತಲಾ ಎರಡು. ನೆದರ್ಲೆಂಡ್ಸ್ ಹದಿಮೂರು ಫೈನಲ್ ಆಡಿದೆ. ಇದಕ್ಕೆ ಪವಾಡವೇನೂ ಕಾರಣವಲ್ಲ. ಅಲ್ಲಿ ಊರೂರಿಗೆ ಹಾಕಿ ಕ್ಲಬ್ಬುಗಳಿವೆ, ಆರೇಳು ವರ್ಷಕ್ಕೇ ಮಕ್ಕಳು ಸೇರುತ್ತಾರೆ, ಆ ಕ್ಲಬ್ಬುಗಳ ಸದಸ್ಯರಲ್ಲಿ ಗಂಡಸರಿಗಿಂತ ಹೆಣ್ಣುಮಕ್ಕಳೇ ಹೆಚ್ಚು. ಏಷ್ಯಾದ ಯಾವ ತಂಡವೂ ಇದುವರೆಗೆ ಫೈನಲ್ ತಲುಪಿಲ್ಲ. 1990ರಲ್ಲಿ ದಕ್ಷಿಣ ಕೊರಿಯಾ, 2002ರಲ್ಲಿ ಚೀನಾ ಮೂರನೇ ಸ್ಥಾನಕ್ಕೆ ಬಂದದ್ದೇ ನಮ್ಮ ಖಂಡದ ದೊಡ್ಡ ಸಾಧನೆ.

ನನ್ನ ಮಟ್ಟಿಗೆ ಅತ್ಯಂತ ಸೊಗಸಾದ ಆವೃತ್ತಿ 2010ರದ್ದು. ಅರ್ಜೆಂಟೀನಾದ ರೊಸಾರಿಯೊದಲ್ಲಿ ನಡೆಯಿತು. ಅದು ಲೂಸಿಯಾನಾ ಐಮರ್ ಅವರ ಹುಟ್ಟೂರು. ಎಂಟು ಬಾರಿ ವರ್ಷದ ವಿಶ್ವಶ್ರೇಷ್ಠ ಆಟಗಾರ್ತಿ ಎನಿಸಿಕೊಂಡ ಐಮರ್ ಚೆಂಡು ಹಿಡಿದು ಓಡಿದರೆ ಎದುರಾಳಿಗಳಿಗೆ ದಾರಿ ಬಿಡುವುದೊಂದೇ ಉಳಿಯುತ್ತಿತ್ತು. ತವರಿನ ಜನರ ಮುಂದೆ ಅವರ ತಂಡ ನೆದರ್ಲೆಂಡ್ಸನ್ನು 3-1ರಿಂದ ಮಣಿಸಿತು. ಅದೇ ಟೂರ್ನಿಯಲ್ಲಿ ಭಾರತದ ಕಡೆಯಿಂದ ಹದಿನೈದರ ಹುಡುಗಿಯೊಬ್ಬಳು ಏಳು ಗೋಲು ಹೊಡೆದಳು. ಹರಿಯಾಣದ ಶಹಾಬಾದಿನ ಗಾಡಿ ಎಳೆಯುವವರ ಮಗಳು ರಾಣಿ ರಾಂಪಾಲ್. ಟೂರ್ನಿಯ ಅತ್ಯುತ್ತಮ ಯುವ ಆಟಗಾರ್ತಿ ಪ್ರಶಸ್ತಿ ಆಕೆಗೇ ಸಂದಿತು. ತಂಡ ಒಂಬತ್ತನೇ ಸ್ಥಾನಕ್ಕೆ ನಿಂತರೂ ಮುಂದಿನ ದಿನಗಳ ನಾಯಕಿ ಅಲ್ಲಿ ಸಿಕ್ಕಿದ್ದರು.

ಹಾಕಿ ನೋಡಿ ಅಭ್ಯಾಸವಿಲ್ಲದವರು ಎರಡು ಘಳಿಗೆಗಳ ಮೇಲೆ ಕಣ್ಣಿಡಿ, ಸಾಕು. ಒಂದು ಪೆನಾಲ್ಟಿ ಕಾರ್ನರ್. ಗೋಲಿನ ಪಕ್ಕದ ಹಿಂಬದಿ ಗೆರೆಯಿಂದ ಒಬ್ಬರು ಚೆಂಡು ತಳ್ಳುತ್ತಾರೆ, ವೃತ್ತದ ಅಂಚಿನಲ್ಲಿ ಇನ್ನೊಬ್ಬರು ಅದನ್ನು ತಡೆದು ನಿಲ್ಲಿಸುತ್ತಾರೆ, ಮೂರನೆಯವರು ಸ್ಟಿಕ್ಕಿನಿಂದ ಎಳೆದು ಗೋಲಿನತ್ತ ಎಸೆಯುತ್ತಾರೆ. ಅದೇ ಡ್ರ್ಯಾಗ್ ಫ್ಲಿಕ್. ಕಾಯುವವರು ಗೋಲ್‌ಕೀಪರ್ ಸೇರಿ ಐವರು. ಅವರಲ್ಲೊಬ್ಬರು ಮುಖಕ್ಕೆ ಮಾಸ್ಕ್ ಕಟ್ಟಿಕೊಂಡು ಬರುವ ಚೆಂಡಿಗೇ ಎದುರಾಗಿ ಓಡುತ್ತಾರೆ. ಮೈದಾನದಲ್ಲಿ ಅದಕ್ಕಿಂತ ಧೈರ್ಯದ ಕೆಲಸ ಇನ್ನೊಂದಿಲ್ಲ. ಎರಡನೆಯದು ಶೂಟೌಟ್. ಪಂದ್ಯ ಸಮವಾದರೆ ಆಟಗಾರ್ತಿಯೊಬ್ಬರು 23 ಮೀಟರ್ ಗೆರೆಯಿಂದ ಚೆಂಡು ಕೊಂಡೊಯ್ದು ಎಂಟು ಸೆಕೆಂಡಿನೊಳಗೆ ಗೋಲ್‌ಕೀಪರನ್ನು ದಾಟಬೇಕು.

2018ರಲ್ಲಿ ಲಂಡನ್ನಿನಲ್ಲಿ ಭಾರತದ ಕನಸು ಮುರಿದದ್ದು ಈ ಎಂಟು ಸೆಕೆಂಡುಗಳಲ್ಲೇ. ಹದಿನಾರು ತಂಡಗಳ ವಿಶ್ವಕಪ್ ಅದು. ಕ್ವಾರ್ಟರ್ ಫೈನಲ್‌ನಲ್ಲಿ ಎದುರಿಗಿದ್ದದ್ದು ಐರ್ಲೆಂಡ್. ಬಂದ ತಂಡಗಳಲ್ಲಿ ರ‍್ಯಾಂಕಿಂಗ್‌ನಲ್ಲಿ ಕೆಳಗಿನಿಂದ ಎರಡನೆಯದು. ಓದು, ಉದ್ಯೋಗಗಳ ನಡುವೆ ಆಡಲು ಬಂದವರ ತಂಡ. ಅರವತ್ತು ನಿಮಿಷ ಕಳೆದರೂ ಗೋಲಿಲ್ಲ. ಶೂಟೌಟಿನಲ್ಲಿ ಐರ್ಲೆಂಡ್ 3-1ರಿಂದ ಗೆದ್ದಿತು. ಸೆಮಿಫೈನಲ್‌ನಲ್ಲಿ ಸ್ಪೇನನ್ನೂ ಶೂಟೌಟಿನಲ್ಲೇ ದಾಟಿತು. ಫೈನಲ್‌ನಲ್ಲಿ ನೆದರ್ಲೆಂಡ್ಸ್ ಆರು ಗೋಲು ಹೊಡೆದರೂ ಆ ಬೇಸಿಗೆಯ ಕಥೆ ಐರ್ಲೆಂಡಿನದೇ ಆಗಿ ಉಳಿಯಿತು. ಎಂಟನೆಯವರಾದ ನಮಗೆ ಅದು ಕೈಗೆ ಬಂದು ಜಾರಿದ ಅವಕಾಶ.

ಮೂರು ವರ್ಷದ ನಂತರ ಟೋಕಿಯೊ ಒಲಿಂಪಿಕ್ಸ್‌ನ ಕ್ವಾರ್ಟರ್ ಫೈನಲ್‌ನಲ್ಲಿ ಗುರ್ಜೀತ್ ಕೌರ್ ಅವರ ಒಂದೇ ಪೆನಾಲ್ಟಿ ಕಾರ್ನರ್ ಗೋಲು ಆಸ್ಟ್ರೇಲಿಯಾವನ್ನು ಮನೆಗೆ ಕಳಿಸಿತು. ಅಲ್ಲಿ ಭಾರತ ನಾಲ್ಕನೇ ಸ್ಥಾನ ಪಡೆಯಿತು. ಆ ತಂಡ ಪಳಗಿದ್ದು ನಮ್ಮ ಬೆಂಗಳೂರಿನ ಕ್ರೀಡಾ ಪ್ರಾಧಿಕಾರದ ಆವರಣದಲ್ಲಿ. 2020ರ ಲಾಕ್‌ಡೌನ್ ದಿನಗಳನ್ನೂ ಆಟಗಾರ್ತಿಯರು ಅಲ್ಲೇ ಕಳೆದಿದ್ದರು. ಆದರೂ 2022ರ ವಿಶ್ವಕಪ್‌ನಲ್ಲಿ ಸ್ಪೇನ್ ಕೊನೆಯ ನಿಮಿಷಗಳಲ್ಲಿ ಹೊಡೆದ ಗೋಲಿನಿಂದ ಕ್ವಾರ್ಟರ್ ಫೈನಲ್ ತಪ್ಪಿಹೋಯಿತು.

ಆತಿಥ್ಯದ ಲೆಕ್ಕವನ್ನೂ ನೋಡಬೇಕು. ಪುರುಷರ ವಿಶ್ವಕಪ್ ಭಾರತದಲ್ಲಿ ನಾಲ್ಕು ಸಲ ನಡೆದಿದೆ: ಮುಂಬೈ, ದೆಹಲಿ, ಭುವನೇಶ್ವರ, ಮತ್ತೆ ಭುವನೇಶ್ವರ ಮತ್ತು ರೂರ್ಕೆಲಾ. ಮಹಿಳೆಯರದ್ದು ಒಮ್ಮೆಯೂ ಇಲ್ಲ. 1983ರ ಕ್ವಾಲಾಲಂಪುರ ಬಿಟ್ಟರೆ ಏಷ್ಯಾಕ್ಕೇ ಅದು ಬಂದಿಲ್ಲ. 2026ರದ್ದೂ ಬೆಲ್ಜಿಯಂ ಮತ್ತು ನೆದರ್ಲೆಂಡ್ಸ್ ಪಾಲು. ನೋಡುವವರಿಲ್ಲ ಎಂಬ ನೆಪ ಇನ್ನು ನಡೆಯದು. 2023ರಲ್ಲಿ ರಾಂಚಿಯಲ್ಲಿ, 2024ರಲ್ಲಿ ಬಿಹಾರದ ರಾಜಗೀರ್‌ನಲ್ಲಿ ಏಷ್ಯನ್ ಚಾಂಪಿಯನ್ಸ್ ಟ್ರೋಫಿ ನಡೆದಾಗ ಜನ ಬಂದು ಕೂತರು, ಎರಡನ್ನೂ ಭಾರತ ಗೆದ್ದಿತು. ಜಾರ್ಖಂಡ್, ಒಡಿಶಾ, ಹರಿಯಾಣ, ಮಣಿಪುರ, ಮಿಜೋರಾಂಗಳ ಹಳ್ಳಿಗಳಿಂದ ಆಟಗಾರ್ತಿಯರು ಬರುತ್ತಲೇ ಇದ್ದಾರೆ. 2025ರಲ್ಲಿ ಮಹಿಳೆಯರ ಹಾಕಿ ಇಂಡಿಯಾ ಲೀಗ್ ಕೂಡ ಶುರುವಾಗಿದೆ.

ಮುಂದಿನ ಆತಿಥ್ಯಕ್ಕೆ ಅರ್ಜಿ ಹಾಕುವಾಗ ಹಾಕಿ ಇಂಡಿಯಾ ಮಹಿಳೆಯರ ವಿಶ್ವಕಪ್ಪನ್ನೇ ಮೊದಲು ಕೇಳಲಿ. ಅದರ ಪಂದ್ಯಗಳಲ್ಲಿ ಕೆಲವನ್ನಾದರೂ ಬ್ರಿಟ್ಟೊ ಸಹೋದರಿಯರ ಊರಿಗೆ ತರಿಸಲು ಕರ್ನಾಟಕ ಸರ್ಕಾರ ಮುಂದಾಗಲಿ. ಅಲ್ಲಿಯವರೆಗೆ ಓದುಗರು ಮಾಡಬಹುದಾದ ಕೆಲಸ ಒಂದಿದೆ: ಬೆಂಗಳೂರಿನ ಶಾಂತಿನಗರದ ಹಾಕಿ ಕ್ರೀಡಾಂಗಣದಲ್ಲೋ ನಿಮ್ಮೂರ ಮೈದಾನದಲ್ಲೋ ಹೆಣ್ಣುಮಕ್ಕಳ ಪಂದ್ಯವಿದೆ ಎಂದು ಗೊತ್ತಾದರೆ ಮನೆಯ ಮಕ್ಕಳನ್ನು ಕರೆದುಕೊಂಡು ಹೋಗಿ ನೋಡಿ.